ನಿಮಗಿದು ಗೊತ್ತೆ? ಕಕ್ಷಿದಾರ ಸತ್ತರೆ ಕೇಸು ಏನಾಗುತ್ತದೆ?

ಜಮೀನು, ಮನೆ, ಸಾಲದ ದಾವೆ ಹೂಡಿದವರು ತೀರಿಕೊಂಡರೆ ಕೇಸು ಅಲ್ಲಿಗೇ ಮುಗಿಯುವುದಿಲ್ಲ. ವಾರಸುದಾರರು ಅದನ್ನು ಮುಂದುವರಿಸಬಹುದು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 22ನೇ ಆದೇಶ ಇದಕ್ಕೆಂದೇ ಇದೆ. ಆದರೆ ವಾರಸುದಾರರನ್ನು ಸೇರಿಸಿಕೊಳ್ಳುವಂತೆ ಸಾವಿನ ದಿನದಿಂದ 90 ದಿನಗಳೊಳಗೆ ಅರ್ಜಿ ಹಾಕಬೇಕು. ತಪ್ಪಿದರೆ, ಮೃತ ವಾದಿಯ ಮಟ್ಟಿಗೆ ದಾವೆ ತಾನಾಗಿಯೇ ಬಿದ್ದುಹೋಗುತ್ತದೆ. ಅದನ್ನು ಮತ್ತೆ ಎತ್ತಿ ನಿಲ್ಲಿಸಲು ಇನ್ನೂ 60 ದಿನ ಉಂಟು. ಅದೂ ದಾಟಿದರೆ ವಿಳಂಬಕ್ಕೆ ತಕ್ಕ ಕಾರಣ ಕೊಟ್ಟು ಮನ್ನಿಸುವಂತೆ ಕೋರ್ಟನ್ನು ಕೇಳಿಕೊಳ್ಳಬೇಕು.

ವಿಚಾರಣೆ ಮುಗಿದು ತೀರ್ಪಷ್ಟೇ ಬಾಕಿ ಇದ್ದಾಗ ಸಾವು ಸಂಭವಿಸಿದರೆ ತೊಂದರೆಯಿಲ್ಲ, ತೀರ್ಪು ಹೊರಬೀಳುತ್ತದೆ. ವಿಚ್ಛೇದನದ ಅರ್ಜಿಯಂಥ ತೀರಾ ವೈಯಕ್ತಿಕ ಹಕ್ಕಿನ ಕೇಸು ಮಾತ್ರ ಸಾಮಾನ್ಯವಾಗಿ ವ್ಯಕ್ತಿಯೊಂದಿಗೇ ಕೊನೆಯಾಗುತ್ತದೆ.

ಕ್ರಿಮಿನಲ್ ಕೇಸಿನ ದಾರಿಯೇ ಬೇರೆ. ತಮಿಳುನಾಡಿನ ಮುಖ್ಯಮಂತ್ರಿಯಾಗಿದ್ದ ಜಯಲಲಿತಾ ಅವರಿಗೆ ಅಕ್ರಮ ಆಸ್ತಿ ಪ್ರಕರಣದಲ್ಲಿ 2014ರಲ್ಲಿ ಬೆಂಗಳೂರಿನ ವಿಶೇಷ ನ್ಯಾಯಾಲಯ ಜೈಲು ಶಿಕ್ಷೆಯ ಜೊತೆಗೆ 100 ಕೋಟಿ ರೂಪಾಯಿ ದಂಡ ವಿಧಿಸಿತ್ತು. 2015ರಲ್ಲಿ ಕರ್ನಾಟಕ ಹೈಕೋರ್ಟ್ ಅವರನ್ನು ಖುಲಾಸೆಗೊಳಿಸಿತು. ಕರ್ನಾಟಕ ಸರ್ಕಾರ ಸುಪ್ರೀಂ ಕೋರ್ಟ್ ಮೆಟ್ಟಿಲೇರಿತು. 2016ರ ಡಿಸೆಂಬರ್ 5ರಂದು ಅವರು ನಿಧನರಾದ್ದರಿಂದ, 2017ರ ಫೆಬ್ರವರಿ ತೀರ್ಪಿನಲ್ಲಿ ಅವರ ವಿರುದ್ಧದ ಮೇಲ್ಮನವಿ ಕೊನೆಗೊಂಡಿತು. ಆದರೆ ಸಹ ಆರೋಪಿಗಳಾದ ಶಶಿಕಲಾ ಮತ್ತಿತರರು ಪರಪ್ಪನ ಅಗ್ರಹಾರದ ಜೈಲು ಸೇರಿದರು. ಆರೋಪಿ ಸತ್ತರೆ ಮಕ್ಕಳು ಜೈಲಿಗೆ ಹೋಗಬೇಕಾಗುತ್ತದೆಂಬ ಹೆದರಿಕೆ ಬೇಡ. ಬದಲಿಗೆ, ಶಿಕ್ಷೆಯಾದವರು ಮೇಲ್ಮನವಿ ಬಾಕಿಯಿರುವಾಗ ತೀರಿಕೊಂಡರೆ, ಕಳಂಕ ತೊಳೆಯಲು ಹತ್ತಿರದ ಸಂಬಂಧಿಕರು 30 ದಿನಗಳೊಳಗೆ ಅನುಮತಿ ಕೋರಿ ಅದನ್ನು ಮುಂದುವರಿಸಬಹುದು.

ಮನೆಯ ಹಿರಿಯರ ಹೆಸರಿನಲ್ಲಿ ಕೇಸಿದ್ದರೆ, ಅವರು ತೀರಿಕೊಂಡ ಕೂಡಲೇ ಮರಣ ಪ್ರಮಾಣಪತ್ರ ಪಡೆದು ವಕೀಲರಿಗೆ ತಿಳಿಸಿ.