ವೀರ್ಯಾಣುವಿನ ಪಯಣ

ಹೃದಯ, ಶ್ವಾಸಕೋಶ, ಮೂತ್ರಪಿಂಡಗಳ ವಿಷಯವನ್ನು ನಾವು ನಿಸ್ಸಂಕೋಚವಾಗಿ ಓದುತ್ತೇವೆ. ಪ್ರಜನನಾಂಗಗಳ ಮಾತು ಬಂದೊಡನೆ ತಲೆ ತಗ್ಗಿಸಿ ಪುಟ ಮಗುಚುತ್ತೇವೆ. ಈ ಸಂಕೋಚದ ಮರೆಯಲ್ಲಿ ಬೆಳೆದ ಅಜ್ಞಾನಕ್ಕೆ ದಂಡ ತೆರುತ್ತ ಬಂದವಳು ಹೆಣ್ಣು. ಆದುದರಿಂದ ಪುರುಷನ ಪ್ರಜನನಾಂಗಗಳ ರಚನೆಯನ್ನೂ ಕಾರ್ಯವನ್ನೂ ಎಲ್ಲರೂ ಅರಿಯುವುದು ಅವಶ್ಯಕ.

ಈ ಅಂಗಗಳಲ್ಲಿ ಮುಖ್ಯವಾದವು ಎರಡು ವೃಷಣಗಳು. ಇವು ಉದರದೊಳಗಿರದೆ ಹೊರಗೆ ವೃಷಣಚೀಲದಲ್ಲಿವೆ. ಅದಕ್ಕೆ ಕಾರಣವುಂಟು. ವೀರ್ಯಾಣುಗಳು ಸರಿಯಾಗಿ ಬೆಳೆಯಲು ದೇಹದ ಉಷ್ಣತೆಗಿಂತ 2-3 ಡಿಗ್ರಿ ಸೆಲ್ಸಿಯಸ್ ಕಡಿಮೆ ಉಷ್ಣತೆ ಬೇಕು. ಚಳಿಯಾದಾಗ ಅಲ್ಲಿಯ ಸ್ನಾಯುಗಳು ಸಂಕುಚಿಸಿ ವೃಷಣಗಳನ್ನು ದೇಹದ ಸಮೀಪಕ್ಕೆ ಸೆಳೆಯುತ್ತವೆ, ಸೆಕೆಯಾದಾಗ ಸಡಿಲಗೊಳ್ಳುತ್ತವೆ. ವೃಷಣದೊಳಗಿನ ನೂರಾರು ಸುರುಳಿ ನಾಳಗಳಲ್ಲಿ ವೀರ್ಯಾಣುಗಳು ಜನಿಸುತ್ತವೆ. ಅವು ರೂಪುಗೊಳ್ಳಲು ಎರಡು ತಿಂಗಳಿಗೂ ಹೆಚ್ಚು ಕಾಲ ಹಿಡಿಯುತ್ತದೆ. ವೃಷಣಗಳು ಟೆಸ್ಟೊಸ್ಟಿರಾನ್ ಎಂಬ ಹಾರ್ಮೋನನ್ನೂ ಸ್ರವಿಸುತ್ತವೆ. ಹುಡುಗನ ಧ್ವನಿ ಒಡೆಯುವುದೂ ಮೀಸೆ ಮೂಡುವುದೂ ಇದರ ಪ್ರಭಾವದಿಂದಲೇ.

ಹೊಸದಾಗಿ ಹುಟ್ಟಿದ ವೀರ್ಯಾಣು ಈಜಲಾರದು. ವೃಷಣಕ್ಕೆ ಅಂಟಿಕೊಂಡಿರುವ ಅಧಿವೃಷಣದಲ್ಲಿ ಸಾಗುತ್ತ ಅದು ಪಕ್ವವಾಗುತ್ತದೆ. ಈ ನಾಳದ ಸುರುಳಿಯನ್ನು ಬಿಡಿಸಿದರೆ ಸುಮಾರು 6 ಮೀಟರ್ ಉದ್ದವಾದೀತು! ಅಲ್ಲಿಂದ ವೀರ್ಯನಾಳದಲ್ಲಿ ಮೇಲೇರಿದ ವೀರ್ಯಾಣುಗಳೊಡನೆ ವೀರ್ಯಕೋಶಗಳ ಹಾಗೂ ಪ್ರಾಸ್ಟೇಟ್ ಗ್ರಂಥಿಯ ದ್ರವಗಳು ಬೆರೆಯುತ್ತವೆ. ಈ ಮಿಶ್ರಣವೇ ವೀರ್ಯ. ಶಿಶ್ನದೊಳಗಿನ ಮೂತ್ರನಾಳವೇ ಇದಕ್ಕೂ ಹೊರದಾರಿ. ಆದರೆ ವೀರ್ಯ ಹೊರಬರುವಾಗ ಮೂತ್ರಕೋಶದ ಬಾಯಿ ಮುಚ್ಚಿಕೊಳ್ಳುವುದರಿಂದ ಮೂತ್ರವು ಅದರೊಡನೆ ಬೆರೆಯುವುದಿಲ್ಲ.

ಒಮ್ಮೆಗೆ ಕೋಟ್ಯಂತರ ವೀರ್ಯಾಣುಗಳು ಹೊರಟರೂ ತಾಯಿಯ ಅಂಡಾಣುವನ್ನು ಕೂಡುವುದು ಒಂದೇ ಒಂದು. ಹಾಲೆಂಡಿನ ಲೇವನ್‌ಹುಕ್ 1677ರಲ್ಲಿ ಸೂಕ್ಷ್ಮದರ್ಶಕದಿಂದ ವೀರ್ಯಾಣುಗಳನ್ನು ಕಂಡನು. ಅವುಗಳಲ್ಲಿ ಅಡಗಿದ್ದ ಗುಟ್ಟು ಹೊರಬೀಳಲು ಎರಡು ಶತಮಾನಗಳೇ ಕಳೆದವು. 1905ರಲ್ಲಿ ಅಮೆರಿಕದ ವಿಜ್ಞಾನಿ ನೆಟ್ಟಿ ಸ್ಟೀವನ್ಸ್, ಹಿಟ್ಟಿನ ಹುಳುಗಳನ್ನು ಪರೀಕ್ಷಿಸಿ, ಗಂಡಿನ ವೀರ್ಯಾಣುಗಳಲ್ಲಿ ಎರಡು ಬಗೆಗಳಿವೆಯೆಂದೂ ಮರಿಯ ಲಿಂಗವು ಇದನ್ನೇ ಅವಲಂಬಿಸಿದೆಯೆಂದೂ ತೋರಿಸಿದಳು. ಮಾನವರಲ್ಲಿಯೂ ಹಾಗೆಯೇ. ಅಂಡಾಣುವಿನಲ್ಲಿರುವುದು ಎಕ್ಸ್ ವರ್ಣತಂತು. ಅದನ್ನು ಎಕ್ಸ್ ಹೊತ್ತ ವೀರ್ಯಾಣು ಕೂಡಿದರೆ ಹೆಣ್ಣು, ವೈ ಹೊತ್ತ ವೀರ್ಯಾಣು ಕೂಡಿದರೆ ಗಂಡು.

ಹೀಗಿರುವಾಗ, ಹೆಣ್ಣು ಹೆತ್ತಳೆಂದು ಸೊಸೆಯನ್ನು ಜರೆಯುವುದು ಎಂಥ ಅನ್ಯಾಯ! ಮಕ್ಕಳಾಗದಿದ್ದಾಗ ಅವಳನ್ನೇ ಬಂಜೆಯೆನ್ನುವರು. ವೀರ್ಯಾಣುಗಳ ಕೊರತೆಯೂ ಅದಕ್ಕೆ ಕಾರಣವಾಗಿರಬಹುದೆಂದು ಯಾರೂ ಎಣಿಸರು. ಹಾಗೆಂದು ಗಂಡನನ್ನು ದೂರುವುದೂ ತರವಲ್ಲ. ಯಾವ ವೀರ್ಯಾಣು ಮೊದಲು ಮುಟ್ಟುವುದೆಂಬುದು ಯಾರ ಇಚ್ಛೆಗೂ ಒಳಪಟ್ಟುದಲ್ಲ. ಇಷ್ಟನ್ನು ಅರಿತ ಮನೆಯಲ್ಲಿ, ಹುಟ್ಟಿದ ಹೆಣ್ಣುಮಗುವಿಗೂ ಹೆತ್ತ ತಾಯಿಗೂ ತಲೆ ತಗ್ಗಿಸಬೇಕಾದ ಪ್ರಸಂಗ ಬಾರದು.