ಕೆರೆಯ ದೋಣಿಗೂ ಬೇಕು ನೋಂದಣಿ ಸಂಖ್ಯೆ

ಕಲಬುರಗಿ: ಬಿಸಿಲು ನಾಡಿನ ಜನರಿಗೆ ನೀರಿನ ಮೇಲಿನ ವಿಹಾರವೆಂದರೆ ಎಲ್ಲಿಲ್ಲದ ಸಂಭ್ರಮ. ನಗರದ ಅಪ್ಪನ ಕೆರೆಯ ದಡದಲ್ಲಿ ಸಂಜೆ ಕಳೆಯುವ ಕುಟುಂಬಗಳಿಗಾಗಲಿ, ಕಮಲಾಪುರ ತಾಲ್ಲೂಕಿನ ಬೆಳಕೋಟಾ ಬಳಿಯ ಗಂಡೋರಿ ನಾಲಾ ಜಲಾಶಯ ನೋಡಲು ಹೋಗುವ ಯುವಕರಿಗಾಗಲಿ, 'ಇಲ್ಲೊಂದು ದೋಣಿ ಇದ್ದರೆ' ಎನಿಸುವುದು ಸಹಜ. ಆದರೆ ದೋಣಿ ಕೊಂಡು ನೀರಿಗಿಳಿಸಿದರಷ್ಟೇ ಸಾಕೆ? ಸಾಲದು. ರಸ್ತೆಗಿಳಿಯುವ ವಾಹನಕ್ಕೆ ಆರ್‌ಟಿಒ ನೋಂದಣಿ ಹೇಗೋ, ಒಳನಾಡಿನ ನೀರಿಗಿಳಿಯುವ ಯಂತ್ರಚಾಲಿತ ದೋಣಿಗೂ ಸರ್ಕಾರದ ನೋಂದಣಿ ಹಾಗೆಯೇ ಅಗತ್ಯ.

ಸಮುದ್ರ ನೂರಾರು ಕಿ.ಮೀ. ದೂರದಲ್ಲಿದೆ, ದೋಣಿಯ ಕಾನೂನು ಕರಾವಳಿಯವರಿಗೆ ಮಾತ್ರ ಎಂಬ ಭಾವನೆ ಒಳನಾಡಿನಲ್ಲಿ ಸಾಮಾನ್ಯ. ಇದು ತಪ್ಪು ತಿಳಿವಳಿಕೆ. ಒಳನಾಡು ಜಲ ಎಂಬ ಪದದ ವ್ಯಾಪ್ತಿಗೆ ನದಿ, ಕಾಲುವೆಗಳ ಜತೆಗೆ ಸರೋವರವನ್ನೂ ಕಾಯ್ದೆ ಸೇರಿಸಿದೆ.

ಶತಮಾನದ ಕಾಯ್ದೆಗೆ ವಿದಾಯ

ಬ್ರಿಟಿಷರ ಕಾಲದ 1917ರ ಒಳನಾಡು ನೌಕೆಗಳ ಕಾಯ್ದೆ ನೂರು ವರ್ಷಕ್ಕೂ ಹೆಚ್ಚು ಕಾಲ ಚಾಲ್ತಿಯಲ್ಲಿತ್ತು. ರಾಜ್ಯಕ್ಕೊಂದು ನಿಯಮವಿದ್ದುದರಿಂದ ಒಂದು ರಾಜ್ಯದಲ್ಲಿ ಒಪ್ಪಿದ ದಾಖಲೆಗೆ ಮತ್ತೊಂದು ರಾಜ್ಯದಲ್ಲಿ ಪ್ರತ್ಯೇಕ ಅನುಮತಿ ಬೇಕಾಗುತ್ತಿತ್ತು. ಈ ಗೊಂದಲ ನಿವಾರಿಸಲು ಸಂಸತ್ತು 2021ರಲ್ಲಿ ಹೊಸ ಕಾಯ್ದೆಯನ್ನು ಅಂಗೀಕರಿಸಿತು. 2022ರ ಜೂನ್‌ನಲ್ಲಿ ಅದು ಜಾರಿಗೆ ಬಂತು. ಒಂದು ರಾಜ್ಯದಲ್ಲಿ ಪಡೆದ ನೋಂದಣಿಗೆ ಈಗ ದೇಶದಾದ್ಯಂತ ಮಾನ್ಯತೆಯಿದೆ. ನೌಕೆ, ಮಾಲೀಕ ಹಾಗೂ ಸಿಬ್ಬಂದಿಯ ವಿವರಗಳನ್ನು ಒಂದೆಡೆ ದಾಖಲಿಸುವ ಕೇಂದ್ರೀಕೃತ ದತ್ತಾಂಶ ವ್ಯವಸ್ಥೆಗೂ ಅವಕಾಶ ಕಲ್ಪಿಸಲಾಗಿದೆ.

ಕಾಯ್ದೆ ಕೇಂದ್ರದ್ದಾದರೂ ನೋಂದಣಿ ಮಾಡುವ ಹೊಣೆ ರಾಜ್ಯದ್ದು. ಕರ್ನಾಟಕದಲ್ಲಿ ಈ ಕ್ಷೇತ್ರ ಬಂದರು ಮತ್ತು ಒಳನಾಡು ಜಲಸಾರಿಗೆ ಇಲಾಖೆಯ ವ್ಯಾಪ್ತಿಗೆ ಬರುತ್ತದೆ. 2015ರ ಕಾಯ್ದೆಯ ಮೂಲಕ ರೂಪುಗೊಂಡ ಕರ್ನಾಟಕ ಜಲಸಾರಿಗೆ ಮಂಡಳಿಯೂ ಇದೆ.

ಮೊದಲು ಸರ್ವೇ, ಬಳಿಕ ನೋಂದಣಿ

ಅರ್ಜಿ ಕೊಟ್ಟೊಡನೆ ನೋಂದಣಿ ಸಂಖ್ಯೆ ಸಿಗುವುದಿಲ್ಲ. ಅದಕ್ಕೂ ಮೊದಲು ಅಧಿಕೃತ ಸರ್ವೇಯರ್ ದೋಣಿಯನ್ನು ಪರಿಶೀಲಿಸಬೇಕು. ದೋಣಿಯ ಒಡಲು, ಎಂಜಿನ್, ಜೀವರಕ್ಷಕ ಹಾಗೂ ಅಗ್ನಿಶಾಮಕ ಸಾಧನಗಳು ಸಮರ್ಪಕವಾಗಿವೆಯೇ, ಎಷ್ಟು ಜನ ಕುಳಿತರೆ ಅದು ಸ್ಥಿರವಾಗಿ ತೇಲುತ್ತದೆ ಎಂಬುದು ಈ ಹಂತದಲ್ಲಿ ನಿರ್ಧಾರವಾಗುತ್ತದೆ. ಸರ್ವೇ ಪ್ರಮಾಣಪತ್ರವಿಲ್ಲದೆ ನೋಂದಣಿಯಿಲ್ಲ. ಹೊಸದಾಗಿ ದೋಣಿ ಕಟ್ಟಿಸುವವರು ವಿನ್ಯಾಸಕ್ಕೆ ಮುಂಚಿತವಾಗಿಯೇ ಅನುಮೋದನೆ ಪಡೆಯಬೇಕು.

ನೋಂದಣಿಯಾದ ಬಳಿಕ ಸಿಗುವ ಅಧಿಕೃತ ಸಂಖ್ಯೆಯನ್ನು ದೋಣಿಯ ಮೇಲೆ ಎದ್ದು ಕಾಣುವಂತೆ ಬರೆಸಬೇಕು. ದೋಣಿ ಮಾರಿದರೂ, ಅದರ ಸ್ವರೂಪ ಬದಲಿಸಿದರೂ ಪ್ರಾಧಿಕಾರಕ್ಕೆ ತಿಳಿಸಬೇಕು. ಅಪಘಾತದಲ್ಲಿ ಸಾವು-ನೋವು ಸಂಭವಿಸಿದರೆ ಪರಿಹಾರ ನೀಡಲು ವಿಮೆ ಇರಬೇಕು. ನಡೆಸುವವರಿಗೆ ಅರ್ಹತಾ ಪ್ರಮಾಣಪತ್ರ ಬೇಕು.

ಇವೆಲ್ಲ ಕೇವಲ ಕಾಗದದ ಶಾಸ್ತ್ರವಲ್ಲ. ಕೇರಳದ ತಾನೂರಿನಲ್ಲಿ 2023ರ ಮೇ 7ರಂದು ವಿಹಾರ ದೋಣಿ ಮಗುಚಿ 22 ಮಂದಿ ಮೃತಪಟ್ಟರು. ಮೀನುಗಾರಿಕೆಯ ದೋಣಿಯನ್ನೇ ವಿಹಾರಕ್ಕೆ ಮಾರ್ಪಡಿಸಲಾಗಿತ್ತೆಂಬ ಆರೋಪ ಆಗ ಕೇಳಿಬಂದಿತ್ತು. ಮಿತಿಮೀರಿ ಜನರನ್ನೂ ಹತ್ತಿಸಲಾಗಿತ್ತು. ಗುಜರಾತಿನ ವಡೋದರಾದ ಹರಣಿ ಕೆರೆಯಲ್ಲಿ 2024ರ ಜನವರಿ 18ರಂದು ಪ್ರವಾಸಕ್ಕೆ ಬಂದಿದ್ದ 12 ಶಾಲಾ ಮಕ್ಕಳು ಹಾಗೂ ಇಬ್ಬರು ಶಿಕ್ಷಕಿಯರು ದೋಣಿ ದುರಂತಕ್ಕೆ ಬಲಿಯಾದರು. ಅದು ಸಮುದ್ರವಲ್ಲ, ಉಕ್ಕಿ ಹರಿಯುವ ನದಿಯೂ ಅಲ್ಲ. ಊರ ನಡುವಿನ ಕೆರೆ ಎಂಬುದನ್ನು ಗಮನಿಸಬೇಕು.

ಹರಿಗೋಲು, ಪೆಡಲ್ ದೋಣಿಗಳ ಕಥೆಯೇನು?

ಹುಟ್ಟು ಹಾಕಿ ಅಥವಾ ಪೆಡಲ್ ತುಳಿದು ನಡೆಸುವ ದೋಣಿಗಳು ಯಂತ್ರಚಾಲಿತ ವರ್ಗಕ್ಕೆ ಸೇರುವುದಿಲ್ಲ. ಹಾಗೆಂದು ಅವುಗಳನ್ನು ಹೊಸ ಕಾಯ್ದೆ ಪೂರ್ತಿ ಕೈಬಿಟ್ಟಿಲ್ಲ. ಯಾವ ಬಗೆಯ ಯಂತ್ರರಹಿತ ದೋಣಿಗಳು ಹೆಸರು ದಾಖಲಿಸಿಕೊಳ್ಳಬೇಕೆಂದು ರಾಜ್ಯ ಸರ್ಕಾರ ಗುರುತಿಸಿ, ಆ ಕೆಲಸವನ್ನು ಸ್ಥಳೀಯ ಸಂಸ್ಥೆಗಳಿಗೆ ವಹಿಸಬಹುದು. ಕಾರವಾರ, ಮಂಗಳೂರಿನಂತಹ ಬಂದರು ಊರುಗಳಿಂದ ಬಹುದೂರವಿರುವ ಈ ಭಾಗಕ್ಕೆ ಇದು ಅನುಕೂಲಕರ. ಹರಿಗೋಲು ನಂಬಿ ಬದುಕುವ ಅಂಬಿಗನು ತನ್ನೂರಿನ ಸಮೀಪವೇ ದಾಖಲಾತಿ ಮಾಡಿಸಿಕೊಳ್ಳಲು ಇದರಿಂದ ದಾರಿಯಾಗುತ್ತದೆ.

ನೋಂದಣಿ ಬೇರೆ, ಅನುಮತಿ ಬೇರೆ

ಅನೇಕರು ಎಡವುವುದು ಇಲ್ಲಿಯೇ. ಬೈಕ್‌ಗೆ ನೋಂದಣಿ ಇದೆಯೆಂದು ಅದನ್ನು ಪರರ ಹೊಲದಲ್ಲಿ ಓಡಿಸಲಾಗದು. ಅಂತೆಯೇ ದೋಣಿಯ ನೋಂದಣಿಯು ದೋಣಿ ಸುರಕ್ಷಿತವೆಂದು ಹೇಳುತ್ತದೆಯೇ ಹೊರತು ಇಂಥ ನೀರಿನಲ್ಲಿ ನಡೆಸಿರೆಂದು ಹೇಳುವುದಿಲ್ಲ. ನಗರದ ಕೆರೆಯಾದರೆ ಅದರ ಉಸ್ತುವಾರಿ ಹೊತ್ತ ಸ್ಥಳೀಯ ಸಂಸ್ಥೆ, ನೀರಾವರಿ ಜಲಾಶಯವಾದರೆ ಅದನ್ನು ನಿರ್ವಹಿಸುವ ನೀರಾವರಿ ಅಧಿಕಾರಿಗಳು ಒಪ್ಪಿಗೆ ನೀಡಬೇಕು. ಗಂಡೋರಿ ನಾಲಾದಂತಹ ಜಲಾಶಯಗಳಲ್ಲಿ ನೀರಿನ ಮಟ್ಟ ಋತುವಿನೊಂದಿಗೆ ಏರಿಳಿಯುತ್ತದೆ. ಮಳೆಗಾಲದಲ್ಲಿ ಗೇಟು ತೆರೆದಾಗ ಸೆಳೆತ ಹೆಚ್ಚುತ್ತದೆ. ಬೇಸಿಗೆಯಲ್ಲಿ ಬಂಡೆ, ಹೂಳು ಮೇಲೆ ಬರುತ್ತವೆ. ಅಣೆಕಟ್ಟೆಯ ಹತ್ತಿರ ದೋಣಿ ಸುಳಿಯದಂತೆ ನೋಡಿಕೊಳ್ಳುವುದೂ ಅಗತ್ಯ.

ಹತ್ತುವ ಮುನ್ನ ನೋಡಿ

ದೋಣಿ ಕೊಳ್ಳುವವರು ಕೆಲವರಷ್ಟೇ, ಹತ್ತುವವರು ಸಾವಿರಾರು. ಹೀಗಾಗಿ ಈ ನಿಯಮಗಳನ್ನು ಮಾಲೀಕರಿಗಿಂತ ಹೆಚ್ಚಾಗಿ ಪ್ರವಾಸಿಗರು ತಿಳಿದಿರಬೇಕು. ದೋಣಿಯ ಮೇಲೆ ಸಂಖ್ಯೆ ಇದೆಯೇ? ಎಷ್ಟು ಜನರಿಗೆ ಅನುಮತಿ ಎಂದು ಕಾಣುವಂತೆ ಬರೆದಿದ್ದಾರೆಯೇ? ಮಕ್ಕಳ ಅಳತೆಯವೂ ಸೇರಿ ಎಲ್ಲರಿಗೂ ಲೈಫ್ ಜಾಕೆಟ್ ಇದೆಯೇ? ಈ ಮೂರು ಪ್ರಶ್ನೆ ಕೇಳಲು ಒಂದು ನಿಮಿಷ ಸಾಕು. 'ಇನ್ನೊಬ್ಬರು ಕೂತರೆ ಏನಾಗುತ್ತದೆ' ಎನ್ನುವ ದೋಣಿಯಿಂದ ಇಳಿದು ಬರುವ ಹಕ್ಕು ಟಿಕೆಟ್ ಕೊಂಡ ಪ್ರತಿಯೊಬ್ಬರಿಗೂ ಇದೆ.