ದೇಹದ ಚಲನೆ ಮತ್ತು ಮಿದುಳಿನ ಆರೋಗ್ಯ: ಗ್ರಾಮ ಪಂಚಾಯಿತಿ ಸದಸ್ಯರ ಅವಗಾಹನೆಗೆ

ಗ್ರಾಮ ಪಂಚಾಯಿತಿಯ ಸಾಮಾನ್ಯ ಸಭೆಯಲ್ಲಿ ಕುಡಿಯುವ ನೀರು, ಚರಂಡಿ, ರಸ್ತೆ ಮತ್ತು ಬೀದಿ ದೀಪಗಳ ಚರ್ಚೆ ಮುಗಿದ ಮೇಲಷ್ಟೇ ಆಟದ ಮೈದಾನದ ವಿಷಯಕ್ಕೆ ಸರದಿ ಬರುತ್ತದೆ. ಆಟವು ಮಕ್ಕಳ ಕಾಲಕ್ಷೇಪ, ನಡಿಗೆಯು ಪಟ್ಟಣದವರ ಅಭ್ಯಾಸ ಎಂಬ ಭಾವನೆಯೇ ಇದಕ್ಕೆ ಕಾರಣ. ಆದರೆ ದೇಹದ ಚಲನೆಯು ನೆನಪು, ಏಕಾಗ್ರತೆ ಮತ್ತು ವಿವೇಚನೆಯನ್ನೂ ಪೋಷಿಸುತ್ತದೆ ಎಂಬುದು ಕಳೆದ ಕೆಲವು ದಶಕಗಳ ಸಂಶೋಧನೆಯಿಂದ ತಿಳಿದುಬಂದಿದೆ. ಆದ್ದರಿಂದ ಈ ವಿಷಯವು ಶಾಲಾ ಮಕ್ಕಳ ಕಲಿಕೆಗೂ ಹಿರಿಯರ ಸ್ವಾವಲಂಬನೆಗೂ ನೇರವಾಗಿ ಸಂಬಂಧಿಸಿದ್ದಾಗಿದೆ.

ಮಿದುಳಿಗೆ ರಕ್ತದ ಪೂರೈಕೆ

ಮಿದುಳಿನ ತೂಕ ದೇಹದ ತೂಕದ ಶೇ. 2ರಷ್ಟು ಮಾತ್ರ. ಆದರೆ ದೇಹವು ಬಳಸುವ ಆಮ್ಲಜನಕದಲ್ಲಿ ಸುಮಾರು ಶೇ. 20ರಷ್ಟು ಅದಕ್ಕೇ ಬೇಕು. ಇದನ್ನು ತಲುಪಿಸುವುದು ಹೃದಯ ಮತ್ತು ರಕ್ತನಾಳಗಳ ಕೆಲಸ. ನೀರು ಸರಬರಾಜಿನಲ್ಲಿ ಮೋಟಾರು ದುರ್ಬಲವಾಗಿ ಕೊಳವೆಗಳಲ್ಲಿ ಹೂಳು ಕಟ್ಟಿದರೆ ಕೊನೆಯ ಮನೆಯ ನಲ್ಲಿಗೆ ನೀರು ಬಾರದು. ಅಂತೆಯೇ ರಕ್ತದೊತ್ತಡ ಮತ್ತು ಮಧುಮೇಹದಿಂದ ಹಾನಿಗೊಂಡ ಸೂಕ್ಷ್ಮ ರಕ್ತನಾಳಗಳು ಮಿದುಳಿನ ಒಳಭಾಗಗಳಿಗೆ ಸಾಕಷ್ಟು ರಕ್ತವನ್ನು ತಲುಪಿಸಲಾರವು. ನಿಯಮಿತ ವ್ಯಾಯಾಮವು ಹೃದಯವನ್ನು ಬಲಪಡಿಸುತ್ತದೆ, ರಕ್ತದೊತ್ತಡ ಮತ್ತು ಸಕ್ಕರೆಯ ಪ್ರಮಾಣವನ್ನು ಹತೋಟಿಯಲ್ಲಿಡಲು ನೆರವಾಗುತ್ತದೆ. ಇದರೊಂದಿಗೆ ನರಕೋಶಗಳ ಉಳಿವಿಗೂ ಅವುಗಳ ನಡುವಣ ಹೊಸ ಸಂಪರ್ಕಗಳಿಗೂ ಪೂರಕವಾದ ಬಿಡಿಎನ್‌ಎಫ್ ಎಂಬ ಪ್ರೋಟೀನಿನ ಪ್ರಮಾಣವೂ ವ್ಯಾಯಾಮದಿಂದ ಹೆಚ್ಚುತ್ತದೆ.

ಹಿರಿಯರ ನೆನಪಿನ ಶಕ್ತಿ

ಹೊಸ ನೆನಪುಗಳನ್ನು ರೂಪಿಸುವ ಮಿದುಳಿನ ಭಾಗಕ್ಕೆ ಹಿಪ್ಪೊಕ್ಯಾಂಪಸ್ ಎಂದು ಹೆಸರು. ವಯಸ್ಸಾದಂತೆ ಇದು ಕುಗ್ಗುತ್ತ ಬರುತ್ತದೆ. ಅಮೆರಿಕದ ವಿಜ್ಞಾನಿಗಳು 55ರಿಂದ 80 ವರ್ಷದ 120 ಮಂದಿಯನ್ನು ಎರಡು ಗುಂಪುಗಳಾಗಿ ವಿಂಗಡಿಸಿ ನಡೆಸಿದ ಅಧ್ಯಯನವು 2011ರಲ್ಲಿ ಪ್ರಕಟವಾಯಿತು. ಒಂದು ಗುಂಪು ವಾರಕ್ಕೆ ಮೂರು ದಿನ, ದಿನಕ್ಕೆ 40 ನಿಮಿಷ ಬಿರುಸಾಗಿ ನಡೆಯಿತು. ಇನ್ನೊಂದು ಗುಂಪು ಮೈ ಸಡಿಲಿಸುವ ಲಘು ವ್ಯಾಯಾಮವನ್ನಷ್ಟೇ ಮಾಡಿತು. ಒಂದು ವರ್ಷದ ನಂತರ ನಡೆದವರಲ್ಲಿ ಈ ಭಾಗದ ಗಾತ್ರ ಸುಮಾರು ಶೇ. 2ರಷ್ಟು ಹೆಚ್ಚಿತ್ತು, ಇನ್ನೊಂದು ಗುಂಪಿನಲ್ಲಿ ಶೇ. 1.4ರಷ್ಟು ಕುಗ್ಗಿತ್ತು. ನಂತರದ ಎಲ್ಲ ಅಧ್ಯಯನಗಳಲ್ಲಿ ಇದೇ ಪ್ರಮಾಣದ ಫಲ ಕಂಡಿಲ್ಲವಾದರೂ, ಚಟುವಟಿಕೆಯಿಂದಿರುವವರಲ್ಲಿ ಮರೆಗುಳಿತನದ ಕಾಯಿಲೆಯ ಸಂಭವ ಕಡಿಮೆ ಎಂಬುದನ್ನು ಅನೇಕ ದೇಶಗಳ ಅಧ್ಯಯನಗಳು ತೋರಿಸಿವೆ.

‘ಅರವತ್ತಕ್ಕೆ ಅರಳು ಮರುಳು’ ಎಂಬ ಗಾದೆಯನ್ನು ನೆಚ್ಚಿ ಹಿರಿಯರ ಮರೆವನ್ನು ಸಹಜವೆಂದು ಬಿಟ್ಟುಬಿಡುವುದು ಸರಿಯಲ್ಲ. ಭಾರತದಲ್ಲಿ 60 ವರ್ಷ ಮೀರಿದವರ ಪೈಕಿ ಶೇ. 7.4ರಷ್ಟು ಮಂದಿಗೆ, ಅಂದರೆ ಸುಮಾರು 88 ಲಕ್ಷ ಜನರಿಗೆ ಮರೆಗುಳಿತನದ ಕಾಯಿಲೆ ಇದೆಯೆಂದು 2023ರಲ್ಲಿ ಪ್ರಕಟವಾದ ಅಂದಾಜು ತಿಳಿಸುತ್ತದೆ. ಇದು ಪಟ್ಟಣಗಳಿಗಿಂತ ಹಳ್ಳಿಗಳಲ್ಲಿ, ಪುರುಷರಿಗಿಂತ ಮಹಿಳೆಯರಲ್ಲಿ ಹೆಚ್ಚು. ಕೋಲಾರ ಜಿಲ್ಲೆಯ ಶ್ರೀನಿವಾಸಪುರ ತಾಲ್ಲೂಕಿನಲ್ಲಿ ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಆವರಣದಲ್ಲಿರುವ ಮಿದುಳು ಸಂಶೋಧನಾ ಕೇಂದ್ರವು 45 ವರ್ಷ ಮೀರಿದ ಗ್ರಾಮಸ್ಥರ ಆರೋಗ್ಯವನ್ನು ಹಲವು ವರ್ಷಗಳಿಂದ ಅಭ್ಯಸಿಸುತ್ತಿರುವುದು ಈ ಪ್ರಶ್ನೆಯ ಮಹತ್ವವನ್ನು ಸೂಚಿಸುತ್ತದೆ.

ಶಾಲಾ ಮಕ್ಕಳ ಏಕಾಗ್ರತೆ

ಪರೀಕ್ಷೆ ಸಮೀಪಿಸಿದಾಗ ಆಟದ ಅವಧಿಯನ್ನು ಪಾಠಕ್ಕೆ ಬಳಸುವುದು ಹಲವೆಡೆ ರೂಢಿಯಲ್ಲಿದೆ. ಅಮೆರಿಕದ ಇಲಿನಾಯ್ ವಿಶ್ವವಿದ್ಯಾಲಯದಲ್ಲಿ ಸುಮಾರು ಒಂಬತ್ತು ವರ್ಷದ 20 ಮಕ್ಕಳ ಮೇಲೆ ನಡೆದು 2009ರಲ್ಲಿ ಪ್ರಕಟವಾದ ಒಂದು ಚಿಕ್ಕ ಅಧ್ಯಯನವು ಇದಕ್ಕೆ ವ್ಯತಿರಿಕ್ತವಾದ ಸೂಚನೆ ನೀಡಿದೆ. ಸುಮ್ಮನೆ ಕುಳಿತಿದ್ದ ದಿನಕ್ಕಿಂತ, 20 ನಿಮಿಷ ನಡೆದ ದಿನ ಅದೇ ಮಕ್ಕಳು ಗಮನದ ಪರೀಕ್ಷೆಯಲ್ಲಿಯೂ ಓದಿ ಗ್ರಹಿಸುವ ಪರೀಕ್ಷೆಯಲ್ಲಿಯೂ ಉತ್ತಮ ಸಾಧನೆ ತೋರಿದರು. 5ರಿಂದ 17 ವರ್ಷದವರು ದಿನಕ್ಕೆ ಸರಾಸರಿ 60 ನಿಮಿಷ ದೇಹ ದಣಿಯುವಂತೆ ಆಡಬೇಕೆಂದು ವಿಶ್ವ ಆರೋಗ್ಯ ಸಂಸ್ಥೆಯ 2020ರ ಮಾರ್ಗಸೂಚಿ ಹೇಳುತ್ತದೆ. ಕಬಡ್ಡಿ, ಖೊಖೊ, ಲಗೋರಿ, ಹಗ್ಗದಾಟಗಳಿಗೆ ಹೆಚ್ಚಿನ ವೆಚ್ಚವಿಲ್ಲ. ಸಮತಟ್ಟಾದ, ಸುರಕ್ಷಿತವಾದ ಸ್ಥಳವೊಂದು ಬೇಕು.

ಹೊಲದ ದುಡಿಮೆ ಸಾಲದೇ?

ಈ ಪ್ರಶ್ನೆ ಸಹಜವಾದುದು. ದಿನವಿಡೀ ಹೊಲದಲ್ಲಿ ದುಡಿಯುವ ರೈತರು ಮತ್ತು ಕೂಲಿಕಾರರಿಗೆ ಮತ್ತೆ ವ್ಯಾಯಾಮದ ಉಪದೇಶ ಬೇಕಿಲ್ಲ. ಅವರಿಗೆ ವಿಶ್ರಾಂತಿ, ಪೌಷ್ಟಿಕ ಆಹಾರ ಮತ್ತು ರಕ್ತದೊತ್ತಡದ ತಪಾಸಣೆ ಮುಖ್ಯ. ಆದರೆ ಗ್ರಾಮದ ಜೀವನ ಬದಲಾಗಿದೆ. ಉಳುಮೆಗೆ ಟ್ರ್ಯಾಕ್ಟರ್, ಸಮೀಪದ ಅಂಗಡಿಗೂ ದ್ವಿಚಕ್ರ ವಾಹನ, ಸಂಜೆಯ ಹೊತ್ತಿಗೆ ಮೊಬೈಲ್ ಬಂದಿವೆ. ದುಡಿಮೆ ನಿಲ್ಲಿಸಿ ಜಗಲಿಯ ಮೇಲೆ ಕುಳಿತ ಹಿರಿಯರು, ಕುಳಿತೇ ಕೆಲಸ ಮಾಡುವವರು ಮತ್ತು ಮೈದಾನವಿಲ್ಲದ ಮಕ್ಕಳು, ಈ ಮೂರು ವರ್ಗದವರನ್ನು ಪಂಚಾಯಿತಿ ಗಮನದಲ್ಲಿಡಬೇಕು. ವಯಸ್ಕರಿಗೆ ವಾರಕ್ಕೆ 150 ನಿಮಿಷಗಳ ಬಿರುಸು ನಡಿಗೆ ಸಾಕು. ನಡೆಯುವಾಗ ಮಾತನಾಡಲು ಸಾಧ್ಯವಾಗಿ, ಹಾಡಲು ಸಾಧ್ಯವಾಗದಿದ್ದರೆ ಆ ವೇಗ ಸರಿಯಾದುದು.

ವ್ಯಾಯಾಮವು ಔಷಧಿಗೆ ಬದಲಿಯಲ್ಲ. ಈಗಾಗಲೇ ಬಂದಿರುವ ಮರೆಗುಳಿತನದ ಕಾಯಿಲೆಯನ್ನು ಅದು ಗುಣಪಡಿಸುವುದಿಲ್ಲ. ಹೃದ್ರೋಗ ಅಥವಾ ಮಂಡಿನೋವು ಇರುವವರು ಪ್ರಾಥಮಿಕ ಆರೋಗ್ಯ ಕೇಂದ್ರದ ವೈದ್ಯರ ಸಲಹೆ ಪಡೆದೇ ಆರಂಭಿಸಬೇಕು.

ಪಂಚಾಯಿತಿ ಕೈಗೊಳ್ಳಬಹುದಾದ ಕ್ರಮಗಳು

1. ಗ್ರಾಮದ ಆಟದ ಮೈದಾನದ ಗಡಿ ಗುರುತಿಸಿ ಒತ್ತುವರಿಯಾಗದಂತೆ ಕಾಪಾಡುವುದು. ಸಮತಟ್ಟುಗೊಳಿಸುವ ಕಾಮಗಾರಿಯನ್ನು ಗ್ರಾಮ ಪಂಚಾಯಿತಿ ಅಭಿವೃದ್ಧಿ ಯೋಜನೆಯಲ್ಲಿ ಸೇರಿಸುವ ಕುರಿತು ಗ್ರಾಮ ಸಭೆಯಲ್ಲಿ ಚರ್ಚಿಸುವುದು.

2. ಹಿರಿಯರು ಮತ್ತು ಮಹಿಳೆಯರು ನಿರ್ಭಯವಾಗಿ ನಡೆಯಲು ಕೆರೆ ಏರಿ ಅಥವಾ ಶಾಲೆಯ ಸುತ್ತಲಿನ ಒಂದು ದಾರಿಯನ್ನು ಆಯ್ದು, ಅಲ್ಲಿಗೆ ಬೀದಿ ದೀಪ ಮತ್ತು ಕೂರಲು ಕಟ್ಟೆ ಒದಗಿಸುವುದು.

3. ಆಟದ ಅವಧಿ ತಪ್ಪದಂತೆ ನೋಡಿಕೊಳ್ಳಲು ಶಾಲಾಭಿವೃದ್ಧಿ ಮತ್ತು ಮೇಲುಸ್ತುವಾರಿ ಸಮಿತಿಯೊಂದಿಗೆ ಮಾತನಾಡುವುದು. ಮಕ್ಕಳ ಗ್ರಾಮ ಸಭೆಯಲ್ಲಿ ಮೈದಾನದ ಬಗ್ಗೆ ಮಕ್ಕಳ ಅಭಿಪ್ರಾಯ ಕೇಳುವುದು.

4. ಹಿರಿಯರಲ್ಲಿ ದಾರಿ ತಪ್ಪುವುದು, ಪರಿಚಿತರನ್ನು ಗುರುತಿಸದಿರುವುದು ಮುಂತಾದ ಲಕ್ಷಣಗಳು ಕಂಡಲ್ಲಿ ಆಶಾ ಕಾರ್ಯಕರ್ತೆಯರ ಮೂಲಕ ವೈದ್ಯರ ಗಮನಕ್ಕೆ ತರುವುದು.

ಇವುಗಳಲ್ಲಿ ಹೆಚ್ಚಿನವಕ್ಕೆ ದೊಡ್ಡ ಅನುದಾನ ಬೇಕಿಲ್ಲ. ಮುಂದಿನ ಸಭೆಯ ಕಾರ್ಯಸೂಚಿಯಲ್ಲಿ ಮೈದಾನದ ವಿಷಯವನ್ನು ಕುಡಿಯುವ ನೀರು ಮತ್ತು ಶಾಲೆಯ ವಿಷಯಗಳ ಜೊತೆಯಲ್ಲಿಯೇ ಇರಿಸಿ ಚರ್ಚಿಸುವುದು ಮೊದಲ ಹೆಜ್ಜೆಯಾಗಬಹುದು.